ಲುಯಿಶ್ ಮಿಗೆಲ್ ಸಿಂತ್ರಾ: 'ಒಲಿವೇರಾ ಸಿನಿಮಾಗಳ ನಟ' ಅಂದರೆ ಸಾಕೇ?

ಮಲೆನಾಡಿನ ರಂಗಾಸಕ್ತ

ಪೋರ್ಚುಗೀಸ್ ಸಿನಿಮಾದ ಮಾತು ಬಂದಾಗಲೆಲ್ಲ ಇಲ್ಲಿ ಚರ್ಚೆ ನಿರ್ದೇಶಕ ಮನುವೆಲ್ ದ ಒಲಿವೇರಾ ಹತ್ತಿರ ಬಂದು ನಿಲ್ಲುತ್ತದೆ. ಅವರ ಸಿನಿಮಾಗಳ ಪಾತ್ರವರ್ಗದಲ್ಲಿ ಮತ್ತೆ ಮತ್ತೆ ಕಾಣುವ ಲುಯಿಶ್ ಮಿಗೆಲ್ ಸಿಂತ್ರಾ ಅನ್ನುವ ಹೆಸರನ್ನು ಮಾತ್ರ ಯಾರೂ ಎತ್ತಿಕೊಳ್ಳುವುದಿಲ್ಲ. ಅವರ ಬಗ್ಗೆಯೇ ಒಂದು ಚರ್ಚೆ ನಡೆಯಲಿ ಅಂತ ಇದನ್ನು ಶುರು ಮಾಡುತ್ತಿದ್ದೇನೆ. ನನ್ನ ವಾದ ಇಷ್ಟು: ತೆರೆಯ ಮೇಲೆ ನಾವು ನೋಡುವ ಸಿಂತ್ರಾ ರೂಪುಗೊಂಡದ್ದು ಲಿಸ್ಬನ್ನಿನ ಒಂದು ಪುಟ್ಟ ರಂಗಮಂದಿರದಲ್ಲಿ. ಆ ಮಂದಿರವನ್ನು ಲೆಕ್ಕಕ್ಕೆ ತೆಗೆದುಕೊಳ್ಳದೆ ಸಿನಿಮಾ ಮಾತ್ರ ನೋಡಿದರೆ ಅವರು ಅರ್ಧವೇ ಸಿಗುತ್ತಾರೆ.

ಅವರು ಹುಟ್ಟಿದ್ದು 1949ರಲ್ಲಿ, ಮ್ಯಾಡ್ರಿಡ್‌ನಲ್ಲಿ. ತಂದೆ ಲುಯಿಶ್ ಫಿಲಿಪ್ ಲಿಂಡ್ಲಿ ಸಿಂತ್ರಾ ದೊಡ್ಡ ಭಾಷಾಶಾಸ್ತ್ರಜ್ಞರು. ಬ್ರೆಜಿಲ್‌ನ ಸೆಲ್ಸು ಕುನ್ಯಾ ಜೊತೆ ಸೇರಿ ಅವರು ಬರೆದ ಪೋರ್ಚುಗೀಸ್ ವ್ಯಾಕರಣವನ್ನು ಎರಡೂ ದೇಶಗಳಲ್ಲಿ ಇವತ್ತಿಗೂ ಓದುತ್ತಾರೆ. ಇಂಥ ಮನೆಯಲ್ಲಿ ಬೆಳೆದ ಹುಡುಗ ಲಿಸ್ಬನ್ ವಿಶ್ವವಿದ್ಯಾಲಯದ ಸಾಹಿತ್ಯ ವಿಭಾಗಕ್ಕೆ ಸೇರಿ, ಅಲ್ಲಿನ ವಿದ್ಯಾರ್ಥಿ ತಂಡದಲ್ಲಿ ನಾಟಕ ಹಚ್ಚಿಕೊಂಡ. 60ರ ದಶಕದ ಕೊನೆಯ ಪೋರ್ಚುಗಲ್ ಹೇಗಿತ್ತು ಅನ್ನುವುದು ಗೊತ್ತಿರಲಿ. ಸರ್ವಾಧಿಕಾರ, ಆಫ್ರಿಕಾದ ವಸಾಹತುಗಳಲ್ಲಿ ಯುದ್ಧ, ನಾಟಕದ ಪ್ರತಿ ಸಾಲಿನ ಮೇಲೂ ಸೆನ್ಸಾರ್ ಕಣ್ಣು. ಮುಂದೆ ಇಂಗ್ಲೆಂಡಿಗೆ ಹೋಗಿ ಬ್ರಿಸ್ಟಲ್ ಓಲ್ಡ್ ವಿಕ್ ರಂಗಶಾಲೆಯಲ್ಲಿ ಕಲಿತು ವಾಪಸ್ ಬಂದರು.

1973ರಲ್ಲಿ ಗೆಳೆಯ ಜೋರ್ಜ್ ಸಿಲ್ವಾ ಮೆಲು ಜೊತೆ ಸೇರಿ 'ತಿಯಾತ್ರು ದ ಕೊರ್ನುಕೋಪಿಯಾ' ತಂಡ ಕಟ್ಟಿದರು. ಮೊದಲ ನಾಟಕ ಫ್ರೆಂಚ್ ನಾಟಕಕಾರ ಮೋಲಿಯೇರನ 'ಮಿಸಾಂತ್ರೋಪ್', ಅದೇ ವರ್ಷ ಅಕ್ಟೋಬರ್‌ನಲ್ಲಿ. ಆರು ತಿಂಗಳು ಕಳೆಯುವಷ್ಟರಲ್ಲಿ, 1974ರ ಏಪ್ರಿಲ್ 25ರಂದು, ಸರ್ಕಾರವೇ ಉರುಳಿತು. ಸೈನಿಕರ ಕೋವಿಗೆ ಜನ ಕೆಂಪು ಕಾರ್ನೇಷನ್ ಹೂ ಸಿಕ್ಕಿಸಿದ ಆ ಕ್ರಾಂತಿ. ಅಲ್ಲಿಯವರೆಗೆ ಎಡಪಂಥೀಯ ಜರ್ಮನ್ ನಾಟಕಕಾರ ಬ್ರೆಕ್ಟ್‌ನ ನಾಟಕ ಆಡುವುದು ಕನಸಿನ ಮಾತಾಗಿತ್ತು. ಇವರು ಅದೇ ವರ್ಷ ನಾತ್ಸಿ ಆಡಳಿತದ ಭಯದ ಬದುಕನ್ನು ತೋರಿಸುವ ಬ್ರೆಕ್ಟ್ ದೃಶ್ಯಗಳನ್ನು ರಂಗಕ್ಕೆ ತಂದರು. ಅಲ್ಲಿಂದ ಮುಂದೆ ನಾಲ್ಕು ದಶಕಕ್ಕೂ ಹೆಚ್ಚು ಕಾಲ ಒಂದೇ ತಂಡ, ಬಹುಪಾಲು ಒಂದೇ ಜಾಗ, ನೂರಕ್ಕೂ ಹೆಚ್ಚು ನಾಟಕ. ನಟನೆ, ನಿರ್ದೇಶನ, ಅನುವಾದದ ಕೆಲಸ, ನಾಟಕದ ಜೊತೆ ಹಂಚುವ ಪುಸ್ತಿಕೆಯ ಬರಹ, ಎಲ್ಲದರಲ್ಲೂ ಸಿಂತ್ರಾ ಕೈ ಇತ್ತು.

ಅವರ ಸಿನಿಮಾ ನೋಡಿದವರು, ಅದರಲ್ಲೂ ರಂಗಭೂಮಿಯಲ್ಲಿ ಕೆಲಸ ಮಾಡುವವರು ದಯವಿಟ್ಟು ಬರೆಯಿರಿ.

ಪರದೆ ಪ್ರೇಮಿ

ಒಳ್ಳೆಯ ವಿಷಯ ಎತ್ತಿದ್ದೀರಿ ಸರ್. ಆದರೆ ನನ್ನ ತಕರಾರನ್ನು ಮೊದಲೇ ಹೇಳಿಬಿಡುತ್ತೇನೆ. ಒಲಿವೇರಾ ಸಿನಿಮಾಗಳಲ್ಲಿ ಸಿಂತ್ರಾ ನಟಿಸುತ್ತಾರೆ ಅಂತ ನನಗೆ ಅನ್ನಿಸಿಯೇ ಇಲ್ಲ. ನಿಂತ ಕಡೆ ನಿಂತು, ಕ್ಯಾಮೆರಾ ಕಡೆಗೋ ಶೂನ್ಯದ ಕಡೆಗೋ ನೋಡುತ್ತಾ ಸಾಲುಗಳನ್ನು ಒಪ್ಪಿಸುತ್ತಾರೆ. ಎದುರಿಗಿರುವ ಪಾತ್ರದ ಜೊತೆ ಕಣ್ಣು ಸೇರಿಸುವುದೂ ಕಮ್ಮಿ. ಇದು ರಂಗಭೂಮಿಯಿಂದ ಬಂದದ್ದು ಅಂತ ನೀವೇ ಹೇಳುತ್ತಿದ್ದೀರಿ. ಹಾಗಿದ್ದರೆ ರಂಗಭೂಮಿಯೇ ಅವರ ಸಿನಿಮಾ ನಟನೆಯನ್ನು ಕೆಡಿಸಿತು ಅನ್ನಬಾರದೇಕೆ? ಕ್ಯಾಮೆರಾ ಮುಖದ ಸಣ್ಣ ಬದಲಾವಣೆಯನ್ನೂ ಹಿಡಿಯುತ್ತದೆ, ಅಲ್ಲಿ ಅಷ್ಟು ಮಾತು ಬೇಕಾಗುವುದಿಲ್ಲ.

ಹಳೇ ಪ್ರೊಜೆಕ್ಟರ್

ಪರದೆ ಪ್ರೇಮಿಯವರೇ, ನೀವು ಯಾವ ಸಿನಿಮಾ ನೋಡಿ ಹೀಗೆ ಹೇಳುತ್ತಿದ್ದೀರಿ?

ಪರದೆ ಪ್ರೇಮಿ

'ಸ್ಯಾಟಿನ್ ಪಾದರಕ್ಷೆ'ಯ ಮೊದಲ ಒಂದೂವರೆ ಗಂಟೆ. ಮುಂದಕ್ಕೆ ಹೋಗಲು ಆಗಲಿಲ್ಲ. ಆಮೇಲೆ 'ದ ಕಾನ್ವೆಂಟ್' ಪೂರ್ತಿ ನೋಡಿದೆ, ಅದೂ ಕ್ಯಾಥರೀನ್ ಡೆನೊವ್ ಮತ್ತು ಜಾನ್ ಮಾಲ್ಕೊವಿಚ್ ಇದ್ದಾರೆ ಅನ್ನುವ ಕಾರಣಕ್ಕೆ.

ಹಳೇ ಪ್ರೊಜೆಕ್ಟರ್

ಸರಿ, ಎರಡರ ಬಗ್ಗೆಯೂ ಹೇಳುತ್ತೇನೆ. ಸ್ವಲ್ಪ ಉದ್ದವಾಗುತ್ತದೆ, ತಾಳ್ಮೆ ಇರಲಿ.

'ಸ್ಯಾಟಿನ್ ಪಾದರಕ್ಷೆ' ಪಾಲ್ ಕ್ಲೋದೆಲ್‌ನ ಫ್ರೆಂಚ್ ನಾಟಕ. ಒಲಿವೇರಾ ಅದನ್ನು 1985ರಲ್ಲಿ ಹೆಚ್ಚುಕಡಿಮೆ ಏಳು ಗಂಟೆಯ ಸಿನಿಮಾ ಮಾಡಿದರು. ಆ ವರ್ಷ ವೆನಿಸ್ ಚಿತ್ರೋತ್ಸವದಲ್ಲಿ ಅವರ ಒಟ್ಟು ಸಾಧನೆಗೆ ಗೋಲ್ಡನ್ ಲಯನ್ ಸಿಕ್ಕಿತು. ಸಿಂತ್ರಾ ಅದರಲ್ಲಿ ಡಾನ್ ರೊಡ್ರೀಗ್. ಸ್ಪೇನ್ ಸಾಮ್ರಾಜ್ಯದ ಉತ್ತುಂಗದ ಕಾಲ. ಅವನು ಪ್ರೀತಿಸಿದ ಹೆಣ್ಣು ಪ್ರೂಯೆಜ್ ಆಫ್ರಿಕಾದ ಕರಾವಳಿಯ ಕೋಟೆಯಲ್ಲಿ, ಅವನು ಸಮುದ್ರದಾಚೆ ಅಮೆರಿಕದಲ್ಲಿ ಅಧಿಕಾರಿ. ಇಬ್ಬರೂ ಒಂದಾಗುವುದೇ ಇಲ್ಲ. ಹಿನ್ನೆಲೆಯಲ್ಲಿ ಬಣ್ಣ ಬಳಿದ ಪರದೆಗಳು, ರಟ್ಟಿನ ಹಡಗುಗಳು. ಇದು ನಾಟಕದ ಸೆಟ್ ಅನ್ನುವುದನ್ನು ಒಲಿವೇರಾ ಎಲ್ಲೂ ಮುಚ್ಚಿಡುವುದಿಲ್ಲ. ಕೊನೆಯಲ್ಲಿ ಕ್ಯಾಮೆರಾ ಹಿಂದೆ ಸರಿದು ಸ್ಟುಡಿಯೋವನ್ನೇ ತೋರಿಸುತ್ತದೆ.

ನೀವು ಬಿಟ್ಟು ಎದ್ದ ಜಾಗದಿಂದ ಬಹಳ ಮುಂದೆ, ನಾಲ್ಕನೆಯ ಭಾಗದಲ್ಲಿ, ಇದೇ ರೊಡ್ರೀಗ್ ಒಂದು ಕಾಲು ಕಳೆದುಕೊಂಡ ಮುದುಕ. ಸಂತರ ಚಿತ್ರ ಮಾರಿ ಹೊಟ್ಟೆ ಹೊರೆಯುತ್ತಾನೆ. ರಾಜನನ್ನು ಕೆಣಕಿ, ಗುಲಾಮನ ಸ್ಥಿತಿಗೆ ಇಳಿದು, ಕೊನೆಗೆ ಚಿಂದಿ ವಸ್ತು ಆಯುವ ಮುದಿ ಸನ್ಯಾಸಿನಿಯೊಬ್ಬಳ ಪಾಲಾಗುತ್ತಾನೆ. ಮೊದಲ ಭಾಗದಲ್ಲಿ ಯಾವ ಸಮ ಧ್ವನಿಯಲ್ಲಿ ಸಿಂತ್ರಾ ಅಹಂಕಾರದ ಮಾತು ಆಡಿದ್ದರೋ ಅದೇ ಧ್ವನಿಯಲ್ಲಿ ಇಲ್ಲಿ ಸೋತವನ ಮಾತು ಬರುತ್ತದೆ. ಗೋಳಿನ ರಾಗ ಇಲ್ಲ, ಕಣ್ಣೀರಿನ ಸಿದ್ಧತೆ ಇಲ್ಲ. ಮೊದಲ ಗಂಟೆಗಳಲ್ಲಿ ಭಾವವನ್ನು ಬಿಗಿಹಿಡಿದದ್ದು ಯಾಕೆ ಅನ್ನುವುದು ಆಗ ತಿಳಿಯುತ್ತದೆ. ಅಲ್ಲೇ ಎಲ್ಲ ಸುರಿದಿದ್ದರೆ ಇಲ್ಲಿಗೆ ಏನೂ ಉಳಿಯುತ್ತಿರಲಿಲ್ಲ.

ಇನ್ನು 'ದ ಕಾನ್ವೆಂಟ್', 1995ರದ್ದು. ಶೇಕ್ಸ್‌ಪಿಯರ್ ಸ್ಪೇನ್ ಮೂಲದ ಯಹೂದಿ ಅನ್ನುವ ಊಹೆಗೆ ಆಧಾರ ಹುಡುಕುತ್ತಾ ಮಾಲ್ಕೊವಿಚ್ ಪಾತ್ರ ಒಂದು ಹಳೆಯ ಮಠಕ್ಕೆ ಬರುತ್ತದೆ. ಮಠದ ಉಸ್ತುವಾರಿ ಬಾಲ್ತಾರ್ ಆಗಿ ಸಿಂತ್ರಾ. ಆತನಲ್ಲಿ ಸೈತಾನನ ಛಾಯೆ ಇದೆ. ಹೆಸರಾಂತ ತಾರೆಯರ ಪಕ್ಕದಲ್ಲಿ ನಿಂತೂ ಸಿನಿಮಾದ ಭಯವನ್ನೆಲ್ಲ ಆಳುವುದು ಅವರ ಶಾಂತವಾದ ಸೌಜನ್ಯ. ಮಾಲ್ಕೊವಿಚ್‌ಗೆ ಅದು ನೆನಪಿನಲ್ಲಿ ಉಳಿದಿರಬೇಕು. ತಾವು ಮೊದಲ ಸಲ ನಿರ್ದೇಶಿಸಿದ 'ದ ಡ್ಯಾನ್ಸರ್ ಅಪ್‌ಸ್ಟೇರ್ಸ್' ಸಿನಿಮಾದಲ್ಲಿ, 2002ರಲ್ಲಿ, ಸಿಂತ್ರಾಗೆ ಪಾತ್ರ ಕೊಟ್ಟರು.

ನೇಪಥ್ಯ

ನಾನು ರಂಗಸಜ್ಜಿಕೆ ಕಡೆಯವಳು. ಆ ಕಡೆಯಿಂದ ಒಂದು ಮಾತು ಸೇರಿಸುತ್ತೇನೆ.

ಕೊರ್ನುಕೋಪಿಯಾ ಅಂದರೆ ಇಬ್ಬರು ಗೆಳೆಯರು ಕಟ್ಟಿದ್ದು ಅಂತ ಎಲ್ಲರೂ ಬರೆಯುತ್ತಾರೆ. ಸಿಲ್ವಾ ಮೆಲು 1979ರ ಹೊತ್ತಿಗೆ ಅಲ್ಲಿಂದ ಹೊರನಡೆದರು. ಮುಂದೆ 1995ರಲ್ಲಿ 'ಆರ್ತಿಸ್ತಾಸ್ ಉನೀದುಸ್' ಅನ್ನುವ ತಮ್ಮದೇ ತಂಡ ಕಟ್ಟಿದರು, 2022ರಲ್ಲಿ ತೀರಿಕೊಂಡರು. ಸಿಲ್ವಾ ಮೆಲು ಹೊರನಡೆದ ಮೇಲಿನ ಮೂರೂವರೆ ದಶಕ ಸಿಂತ್ರಾ ಜೊತೆಗೆ ಕೊರ್ನುಕೋಪಿಯಾವನ್ನು ನಡೆಸಿದ್ದು ಕ್ರಿಸ್ಟಿನಾ ರೈಶ್. 70ರ ದಶಕದ ಮಧ್ಯದಲ್ಲಿ ಬಂದು ಸೇರಿದ ರಂಗವಿನ್ಯಾಸಕಿ. ಸೆಟ್, ಉಡುಪು, ಭಿತ್ತಿಪತ್ರ, ಪುಸ್ತಿಕೆಯ ವಿನ್ಯಾಸ ಎಲ್ಲವೂ ಅವರದೇ.

ಒಬ್ಬ ನಿರ್ದೇಶಕ ಮತ್ತು ಒಬ್ಬ ವಿನ್ಯಾಸಕಿ ಇಷ್ಟು ವರ್ಷ ಒಟ್ಟಿಗೆ ದುಡಿದಾಗ ಏನಾಗುತ್ತದೆ ಅನ್ನುವುದನ್ನು ಹೊರಗಿನವರು ಊಹಿಸುವುದು ಕಷ್ಟ. ನಮ್ಮಲ್ಲಿ ಬಹಳ ಸಲ ನಾಟಕದ ತಾಲೀಮು ಅರ್ಧ ಮುಗಿದ ಮೇಲೆ ಸೆಟ್ ಮಾಡುವವರನ್ನು ಕರೆಯುತ್ತಾರೆ. 'ಇಲ್ಲೊಂದು ಬಾಗಿಲು ಬೇಕು, ಅಲ್ಲೊಂದು ಕಟ್ಟೆ ಬೇಕು' ಅಂತ ಪಟ್ಟಿ ಕೊಡುತ್ತಾರೆ. ಅಲ್ಲಿ ಹಾಗಿರಲಿಲ್ಲ. ಆ ಮಂದಿರದಲ್ಲಿ ಪ್ರೇಕ್ಷಕರು ಎಲ್ಲಿ ಕೂರಬೇಕು ಅನ್ನುವುದೇ ನಾಟಕದಿಂದ ನಾಟಕಕ್ಕೆ ಬದಲಾಗುತ್ತಿತ್ತು. ಒಂದು ನಾಟಕಕ್ಕೆ ಎರಡು ಬದಿಗೆ ಜನ, ನಡುವೆ ಆಟ. ಇನ್ನೊಂದಕ್ಕೆ ಇಡೀ ಮಂದಿರದ ಉದ್ದವೇ ರಂಗ. ಹಾಗಾಗಿ ಸಜ್ಜಿಕೆಯ ಯೋಚನೆ ಓದಿನ ಮೇಜಿನಿಂದಲೇ ಶುರುವಾಗಬೇಕು.

ಪರದೆ ಪ್ರೇಮಿಯವರು ಹೇಳಿದ 'ನಿಂತ ಕಡೆ ನಿಲ್ಲುವುದು' ಕೂಡ ಇದಕ್ಕೇ ಸಂಬಂಧಿಸಿದ್ದು. ನಟ ಎಲ್ಲಿ ನಿಲ್ಲುತ್ತಾನೆ ಅನ್ನುವುದು ತೀರ್ಮಾನವಾದ ಮೇಲೆ ಸುಮ್ಮನೆ ಅತ್ತಿಂದಿತ್ತ ನಡೆಯಲು ಕಾರಣ ಬೇಕಾಗುತ್ತದೆ. ಕಾರಣ ಇಲ್ಲದ ನಡೆ ಸಿಂತ್ರಾಗೆ ಆಗುವುದಿಲ್ಲ.

ಪರದೆ ಪ್ರೇಮಿ

ನೇಪಥ್ಯ ಮೇಡಂ, ಈ ಕೊನೆಯ ಸಾಲು ನನ್ನನ್ನು ಯೋಚನೆಗೆ ಹಚ್ಚಿತು. ಆದರೂ ಒಂದು ಪ್ರಶ್ನೆ ಉಳಿಯುತ್ತದೆ. ಇಷ್ಟೆಲ್ಲ ಪ್ರಬುದ್ಧತೆ, ಗಾಂಭೀರ್ಯ. ಈ ಮನುಷ್ಯ ಎಂದಾದರೂ ಜನರನ್ನು ನಗಿಸಿದ್ದಾರಾ?

ಮಲೆನಾಡಿನ ರಂಗಾಸಕ್ತ

ನಗಿಸಿದ್ದಾರೆ! ಕೊರ್ನುಕೋಪಿಯಾದ ಹೆಸರಾದ ನಾಟಕಗಳಲ್ಲಿ ಒಂದು 1979ರದ್ದು, ಜರ್ಮನಿಯ ಹಾಸ್ಯನಟ ಕಾರ್ಲ್ ವಾಲೆಂಟಿನ್‌ನ ಪ್ರಹಸನಗಳನ್ನು ಹೆಣೆದು ಮಾಡಿದ್ದು. ಸೊಲ್ವೆಯ್ಗ್ ನೂರ್ಡ್‌ಲುಂಡ್ ಅದನ್ನು ಚಿತ್ರೀಕರಿಸಿದರು ಕೂಡ. ಗಿಲ್ ವಿಸೆಂತ್‌ನ ನಾಟಕಗಳನ್ನೂ ಸಿಂತ್ರಾ ಮತ್ತೆ ಮತ್ತೆ ರಂಗಕ್ಕೆ ತಂದಿದ್ದಾರೆ. 16ನೇ ಶತಮಾನದ ಕವಿ, ಪೋರ್ಚುಗೀಸ್ ರಂಗಭೂಮಿಯ ಮೂಲಪುರುಷ. ಅವನ ನಾಟಕಗಳಲ್ಲಿ ಕುಂಟಣಿಯರು, ಪಾದ್ರಿಗಳು, ದೆವ್ವಗಳು, ಸಂತೆಯ ಜನ ಎಲ್ಲರೂ ಒಂದೇ ಜಗಲಿಯಲ್ಲಿ ಕೂತು ಜಗಳ ಆಡುತ್ತಾರೆ. ಶಾಲೆಯ ಪಠ್ಯದಲ್ಲಿ ಮಕ್ಕಳು ಬಾಯಿಪಾಠ ಮಾಡುವ ಕವಿಯನ್ನು ಮತ್ತೆ ಜೀವಂತ ನಾಟಕಕಾರನನ್ನಾಗಿ ಮಾಡಿದ್ದರಲ್ಲಿ ಆ ತಂಡದ ಪಾಲು ದೊಡ್ಡದು.

ಸಿನಿಮಾದಲ್ಲೂ ಒಲಿವೇರಾ ಅವರ 'ನರಭಕ್ಷಕರು' ನೋಡಿ, 1988ರದ್ದು. ಶುರುವಿನಿಂದ ಕೊನೆತನಕ ಹಾಡಿನಲ್ಲೇ ಸಾಗುವ ಒಪೆರಾ ಸಿನಿಮಾ, ಸಂಗೀತ ಜುವಾಂವ್ ಪೈಸ್. ಸಿಂತ್ರಾ ಅದರಲ್ಲಿ ಒಬ್ಬ ನಿಗೂಢ ಶ್ರೀಮಂತ ವೈಕೌಂಟ್. ಮದುವೆಯ ರಾತ್ರಿ ಹೆಂಡತಿಗೆ ತನ್ನ ಗುಟ್ಟು ಬಿಚ್ಚಿಡುತ್ತಾನೆ: ಅವನ ಕೈಕಾಲುಗಳು ಯಂತ್ರದವು. ಕಳಚಿ ಬಿದ್ದು, ಉರುಳಿ ಒಲೆಯ ಬೆಂಕಿಗೆ ಬೀಳುತ್ತಾನೆ. ಬೆಳಿಗ್ಗೆ ಮಾವ ಮತ್ತು ಮೈದುನರು ಅದು ಯಾವುದೋ ವಿಶೇಷ ಮಾಂಸದ ಅಡುಗೆ ಅಂದುಕೊಂಡು ತಿಂದುಬಿಡುತ್ತಾರೆ. ನಗು, ಹೇಸಿಗೆ, ಭಯ ಮೂರೂ ಒಟ್ಟಿಗೇ ಬರುತ್ತವೆ. ಹಾಡಿನ ಧ್ವನಿ ಬೇರೆ ಗಾಯಕರದು; ಮುಖ ಮತ್ತು ಮೈ ಮಾತ್ರ ಸಿಂತ್ರಾದು. ಧ್ವನಿಯಿಂದಲೇ ಹೆಸರು ಮಾಡಿದ ನಟನಿಂದ ಧ್ವನಿಯನ್ನೇ ಕಸಿದುಕೊಂಡರೂ ಅವರು ಆ ಪಾತ್ರವನ್ನು ಗೆಲ್ಲುತ್ತಾರೆ.

ಉಳ್ಳಾಲದ ಓದುಗ

ನನಗೆ ರಂಗಭೂಮಿ ಅಷ್ಟು ಗೊತ್ತಿಲ್ಲ. ಇತಿಹಾಸದ ಹುಚ್ಚಿನಿಂದ ಒಲಿವೇರಾ ಅವರ 'ನಾನ್' (ಲ್ಯಾಟಿನ್‌ನಲ್ಲಿ 'ಇಲ್ಲ' ಅಂತ) ನೋಡಿದೆ. ಪೂರ್ತಿ ಹೆಸರು 'ನಾನ್, ಅಥವಾ ಆಳುವುದರ ಪೊಳ್ಳು ವೈಭವ', 1990ರದ್ದು. ಕರಾವಳಿಯ ನಮಗೆ ಪೋರ್ಚುಗೀಸರು ಅಂದರೆ ಹಡಗು, ಫಿರಂಗಿ, ಕಪ್ಪಕಾಣಿಕೆ, ರಾಣಿ ಅಬ್ಬಕ್ಕನ ಕಾಳಗ. ಗೋವಾ 1961ರವರೆಗೆ ಅವರ ಕೈಯಲ್ಲೇ ಇತ್ತು. ಹಾಗಾಗಿ ಅವರದೇ ದೇಶದವರು ತಮ್ಮ ಸಾಮ್ರಾಜ್ಯದ ಬಗ್ಗೆ ಏನು ಹೇಳಿಕೊಳ್ಳುತ್ತಾರೆ ಅನ್ನುವ ಕುತೂಹಲ.

ಸಿನಿಮಾ ಶುರುವಾಗುವುದು ಆಫ್ರಿಕಾದ ಒಂದು ಭಾರೀ ಮರದಿಂದ. ಆಮೇಲೆ ಸೈನ್ಯದ ಲಾರಿ, ಹಿಂದೆ ಎದುರುಬದುರು ಕೂತ ಸೈನಿಕರು. ವಸಾಹತು ಯುದ್ಧದ ಕೊನೆಯ ದಿನಗಳು. ಅವರ ನಡುವೆ ಕಬ್ರೀತಾ ಅನ್ನುವ ಕಿರಿಯ ಅಧಿಕಾರಿ, ಅದು ಸಿಂತ್ರಾ. ಇತಿಹಾಸ ಓದಿಕೊಂಡವನು. ನಾವು ಇಲ್ಲಿಗೆ ಯಾಕೆ ಬಂದಿದ್ದೇವೆ ಅಂತ ಹುಡುಗರು ಕೇಳುತ್ತಾರೆ. ಇವನು ಪೋರ್ಚುಗಲ್ ಸೋತ ಕಥೆಗಳನ್ನು ಒಂದೊಂದಾಗಿ ಹೇಳುತ್ತಾ ಹೋಗುತ್ತಾನೆ. ರೋಮನ್ನರ ವಿರುದ್ಧ ನಿಂತು ದ್ರೋಹಕ್ಕೆ ಬಲಿಯಾದ ವಿರಿಯಾತು. 1476ರ ತೋರು ಕದನದಲ್ಲಿ ಎರಡೂ ಕೈ ಕಡಿದ ಮೇಲೂ ಬಾವುಟವನ್ನು ಹಲ್ಲಿನಲ್ಲಿ ಕಚ್ಚಿ ಹಿಡಿದ ಸೈನಿಕ. 1578ರಲ್ಲಿ ಮೊರಾಕ್ಕೋದ ಅಲ್ಕಾಸರ್ ಕಿಬೀರ್‌ನಲ್ಲಿ ರಾಜ ಸೆಬಾಸ್ಟಿಯನ್ ಸೈನ್ಯ ಸಮೇತ ನಾಶವಾದದ್ದು. ಲಾರಿಯಲ್ಲಿ ಕೂತ ಅದೇ ನಟರು ಆ ಹಳೆಯ ಕಥೆಗಳಲ್ಲಿ ವೇಷ ಬದಲಿಸಿ ಬರುತ್ತಾರೆ. ವಿರಿಯಾತು ಆಗಿಯೂ ಸಿಂತ್ರಾ ಅವರೇ.

ಲಾರಿಯ ದೃಶ್ಯಗಳಲ್ಲಿ ಅವರನ್ನು ಗಮನಿಸಿ. ಮೇಷ್ಟರ ಧಾಟಿ ಇಲ್ಲ. ಒಂದು ಕಥೆ ಮುಗಿದಾಗ ಯಾರೋ ಏನೋ ಕೇಳುತ್ತಾರೆ. ಸಿಂತ್ರಾ ಕ್ಷಣ ಸುಮ್ಮನಿದ್ದು, ಆಮೇಲೆ ಉತ್ತರ ಹೇಳುತ್ತಾರೆ. ತಾನು ಹೇಳುವುದನ್ನು ತಾನೇ ಮೊದಲ ಸಲ ಕೇಳಿಸಿಕೊಳ್ಳುತ್ತಿರುವ ಹಾಗೆ. ಕೊನೆಯಲ್ಲಿ ಗುಂಡು ತಗುಲಿ ಆಸ್ಪತ್ರೆಯಲ್ಲಿ ಸಾಯುತ್ತಾನೆ. ವೈದ್ಯರು ಸಾವಿನ ದಿನಾಂಕ ಬರೆಯುತ್ತಾರೆ: 1974ರ ಏಪ್ರಿಲ್ 25. ಮೇಲೆ ರಂಗಾಸಕ್ತರು ಹೇಳಿದ ಅದೇ ಕ್ರಾಂತಿಯ ದಿನ.

ಅಬ್ಬಕ್ಕ ಆ ಸಿನಿಮಾದಲ್ಲಿ ಇಲ್ಲ. ಆದರೆ ಅವಳು ಯಾರ ವಿರುದ್ಧ ಕಾದಾಡಿದಳೋ ಅವರ ಮನೆಯೊಳಗಿನ ಲೆಕ್ಕಪತ್ರ ಅಲ್ಲಿದೆ. ನಮ್ಮ ಊರಿನವರು ಅದನ್ನು ನೋಡಬೇಕು ಅನ್ನುವುದು ನನ್ನ ಆಸೆ.

ಹಳೇ ಪ್ರೊಜೆಕ್ಟರ್

ಉಳ್ಳಾಲದವರೇ, ಬಹಳ ಚೆನ್ನಾಗಿ ಬರೆದಿದ್ದೀರಿ. ಆ ಹೆಸರಿನ 'ನಾನ್' ಬಂದದ್ದು ಪಾದ್ರಿ ಅಂತೋನಿಯು ವಿಯೇರಾ ಅವರ ಪ್ರವಚನದಿಂದ. 17ನೇ ಶತಮಾನದ ಜೆಸ್ಯೂಟ್, ಪೋರ್ಚುಗೀಸ್ ಗದ್ಯದ ಮೇರು. ಬ್ರೆಜಿಲ್‌ನ ಮೂಲನಿವಾಸಿಗಳನ್ನು ಗುಲಾಮರನ್ನಾಗಿ ಮಾಡುವುದರ ವಿರುದ್ಧ ಮಾತಾಡಿ ವಸಾಹತುಗಾರರ ಕೋಪಕ್ಕೂ ಆಮೇಲೆ ಇನ್‌ಕ್ವಿಸಿಷನ್ ಅನ್ನುವ ಚರ್ಚಿನ ಧರ್ಮನ್ಯಾಯಾಲಯದ ವಿಚಾರಣೆಗೂ ಗುರಿಯಾದವರು. 2000ದಲ್ಲಿ ಒಲಿವೇರಾ ಅವರ ಬದುಕನ್ನೇ ಸಿನಿಮಾ ಮಾಡಿದರು. ಮೂರು ವಯಸ್ಸಿಗೆ ಮೂವರು ನಟರು: ಯೌವನಕ್ಕೆ ರಿಕಾರ್ಡು ತ್ರೇಪಾ, ವೃದ್ಧಾಪ್ಯಕ್ಕೆ ಬ್ರೆಜಿಲ್‌ನ ಲಿಮಾ ದುವಾರ್ತ್, ನಡುವಿನ ಪ್ರಖರ ವರ್ಷಗಳಿಗೆ ಸಿಂತ್ರಾ. ಪ್ರವಚನಗಳನ್ನು ಉದ್ದುದ್ದಕ್ಕೆ ಹೇಳುತ್ತಾರೆ. 'ಒಪ್ಪಿಸುವುದು' ಅನ್ನುವ ಆರೋಪ ಇರುವವರು ಅದನ್ನು ನೋಡಲಿ. ಒಂದು ವಾಕ್ಯದ ಒಳಗೆ ವಾದ ಹೇಗೆ ತಿರುಗುತ್ತದೆ, ಎಲ್ಲಿ ಉಸಿರು ತೆಗೆದುಕೊಂಡರೆ ಕೇಳುವವನಿಗೆ ಮುಂದಿನ ಮಾತು ಬೇಕೆನಿಸುತ್ತದೆ, ಎಲ್ಲವೂ ಅಲ್ಲಿದೆ. ವ್ಯಾಕರಣಕಾರರ ಮಗ ಅನ್ನುವುದು ಆಗ ನೆನಪಾಗುತ್ತದೆ.

ನಮ್ಮ ತಾಳಮದ್ದಳೆ ಕೇಳಿ ಬೆಳೆದವರಿಗೆ ಇದು ಹೊಸದಲ್ಲ. ಕೂತಲ್ಲೇ ಕೂತು, ವೇಷವಿಲ್ಲದೆ, ಮಾತಿನಿಂದಲೇ ಭೀಷ್ಮನನ್ನು ಕಟ್ಟುವ ಅರ್ಥಧಾರಿಯನ್ನು ನೋಡಿ 'ಇವರು ನಟಿಸುತ್ತಲೇ ಇಲ್ಲ' ಅಂತ ನಾವು ಹೇಳುವುದಿಲ್ಲ.

ಪರದೆ ಪ್ರೇಮಿ

ತಾಳಮದ್ದಳೆಯಲ್ಲಿ ಅರ್ಥಧಾರಿ ಆ ಕ್ಷಣಕ್ಕೆ ಮಾತು ಹುಟ್ಟಿಸುತ್ತಾನೆ. ಇಲ್ಲಿ ಬರೆದದ್ದನ್ನು ಅಕ್ಷರ ಬಿಡದೆ ಹೇಳುತ್ತಾರೆ. ವ್ಯತ್ಯಾಸ ಇದೆ. ಆದರೂ ವಿಯೇರಾ ಸಿನಿಮಾ ನೋಡುತ್ತೇನೆ.

ಕಡಲಾಚೆಯ ಕನ್ನಡತಿ

ಕೆಲಸದ ನಿಮಿತ್ತ ಲಿಸ್ಬನ್ನಿನಲ್ಲಿ ಇರುವವಳು ನಾನು. ಕೊರ್ನುಕೋಪಿಯಾ ಇದ್ದ ತೆನೆಂತ್ ರವುಲ್ ಕಷ್ಕಾಯಿಶ್ ರಸ್ತೆ ನಗರದ ನಡುವಿನದೇ, ಹೊರಗಿನಿಂದ ನೋಡಿದರೆ ಒಳಗೊಂದು ನಾಟಕಶಾಲೆ ಇದೆ ಅನ್ನುವ ಸುಳಿವೂ ಸಿಗದಷ್ಟು ಸಾಮಾನ್ಯ ಬೀದಿ. 1975ರಿಂದ ಅವರು ಅಲ್ಲಿದ್ದರು. ನಾನು ಇಲ್ಲಿಗೆ ಬರುವಷ್ಟರಲ್ಲಿ ತಂಡ ಮುಚ್ಚಿತ್ತು, ಹಾಗಾಗಿ ಅವರ ನಾಟಕ ನೋಡುವ ಭಾಗ್ಯ ಸಿಗಲಿಲ್ಲ. ಆದರೆ ನಾಟಕದ ಗೀಳಿರುವ ಇಲ್ಲಿನ ಸಹೋದ್ಯೋಗಿಗಳು ಇವತ್ತಿಗೂ ಅದರ ಮಾತು ತೆಗೆದರೆ ನಿಲ್ಲಿಸುವುದಿಲ್ಲ.

ಮುಚ್ಚಿದ ಕಥೆ ಇಲ್ಲಿ ಯಾರೂ ಹೇಳಿಲ್ಲ, ಅದಕ್ಕೆ ಬರೆಯುತ್ತಿದ್ದೇನೆ. 2011ರಲ್ಲಿ ಪೋರ್ಚುಗಲ್ ದಿವಾಳಿಯ ಅಂಚಿಗೆ ಬಂದು 78 ಬಿಲಿಯನ್ ಯೂರೋ ಸಾಲದ ನೆರವು ಪಡೆಯಿತು. ಜೊತೆಗೇ ಕಟ್ಟುನಿಟ್ಟಿನ ಖರ್ಚು ಕಡಿತ. ಕಲೆಗೆ ಕೊಡುತ್ತಿದ್ದ ಸರ್ಕಾರಿ ಅನುದಾನಕ್ಕೂ ಕತ್ತರಿ ಬಿತ್ತು. ಕೊರ್ನುಕೋಪಿಯಾ ಕಾಯಂ ಕೆಲಸಗಾರರನ್ನು, ಸ್ವಂತ ಜಾಗವನ್ನು, ದೊಡ್ಡ ಪಾತ್ರವರ್ಗದ ನಾಟಕಗಳನ್ನು ನೆಚ್ಚಿದ ತಂಡ. ಅದೇ ಸಮಯಕ್ಕೆ ಸಿಂತ್ರಾ ಅವರಿಗೆ ಪಾರ್ಕಿನ್ಸನ್ ಕಾಯಿಲೆ. ಅವರೇ ಬಹಿರಂಗವಾಗಿ ಹೇಳಿಕೊಂಡಿದ್ದಾರೆ. ಸಿಗುವ ಹಣದಲ್ಲಿ, ಬದಲಾದ ಅನುದಾನದ ನಿಯಮಗಳಲ್ಲಿ, ತಾವು ನಂಬಿದ ರೀತಿಯಲ್ಲಿ ನಾಟಕ ಮಾಡಲು ಇನ್ನು ಆಗದು ಅಂತ ತಂಡ ತೀರ್ಮಾನಿಸಿತು.

2016ರ ಡಿಸೆಂಬರ್ 17ರಂದು ಕೊನೆಯ ಕಾರ್ಯಕ್ರಮ. ದೊಡ್ಡ ನಾಟಕ ಏನಿಲ್ಲ, ಫ್ರೆಂಚ್ ಕವಿ ಅಪೊಲಿನೇರ್‌ನ ರಚನೆಗಳ ವಾಚನ. ಅವತ್ತು ಅಲ್ಲಿಗೆ ರಾಷ್ಟ್ರಪತಿ ಮಾರ್ಸೆಲು ರೆಬೆಲು ದ ಸೋಜಾ ಬಂದರು, ಸಂಸ್ಕೃತಿ ಸಚಿವರೂ ಬಂದರು. ತಂಡವನ್ನು ಉಳಿಸಿಕೊಳ್ಳುವ ದಾರಿ ಇದೆಯಾ ಅಂತ ರಾಷ್ಟ್ರಪತಿ ಎಲ್ಲರ ಎದುರೇ ಕೇಳಿದರು. ಒಂದು ಪುಟ್ಟ ರಂಗಮಂದಿರ ಮುಚ್ಚುವುದನ್ನು ತಡೆಯಲು ದೇಶದ ಪ್ರಥಮ ಪ್ರಜೆ ಬಂದು ನಿಂತ ಘಟನೆ ಅದು. ಆದರೂ ತಂಡ ಮುಚ್ಚಿತು. ಈಗ ಆ ಜಾಗದಲ್ಲಿ 2019ರಿಂದ ಲಿಸ್ಬನ್ ನಗರಸಭೆಯ 'ತಿಯಾತ್ರು ದು ಬೈರು ಆಲ್ತು' ನಡೆಯುತ್ತಿದೆ, ಹೊಸ ಪ್ರಯೋಗಗಳ ನಾಟಕ ಮತ್ತು ನೃತ್ಯಕ್ಕೆ.

ಬಯಲುಸೀಮೆಯವ

ಇದು ಓದಿ ಬೇಸರ ಆಯಿತು. ಒಂದು ಮಾತು ಕೇಳಲೇಬೇಕು. ಇಷ್ಟು ವರ್ಷ ತಂಡ ಕಟ್ಟಿದವರು ಮುಂದಿನ ತಲೆಮಾರಿಗೆ ಅದನ್ನು ಒಪ್ಪಿಸಬೇಕಿತ್ತು ಅಲ್ಲವೇ? ಹೆಗ್ಗೋಡಿನ ನೀನಾಸಂ ನೋಡಿ. ಸುಬ್ಬಣ್ಣನವರ ನಂತರವೂ ನಡೆಯುತ್ತಿದೆ, ತಿರುಗಾಟ ನಿಂತಿಲ್ಲ. ಸ್ಥಾಪಕರ ಜೊತೆಗೇ ಸಂಸ್ಥೆಯೂ ಮುಗಿಯಬೇಕು ಅನ್ನುವುದು ನನಗೆ ಒಪ್ಪಿಗೆಯಾಗದ ಮಾತು. ಸಾರ್ವಜನಿಕ ಹಣ ಪಡೆದ ಮೇಲೆ ಅದು ಸಾರ್ವಜನಿಕರದ್ದು ಕೂಡ.

ನೇಪಥ್ಯ

ನೀನಾಸಂನಲ್ಲಿ ಶಿಕ್ಷಣ ಕೇಂದ್ರ ಇದೆ, ಊರು ಇದೆ, ತಿರುಗಾಟ ಇದೆ. ಅದು ಕಲಿಸುವ ಸಂಸ್ಥೆಯಾಗಿ ಬೆಳೆಯಿತು. ಕೊರ್ನುಕೋಪಿಯಾ ಬೇರೆ ಬಗೆಯದು, ಇಬ್ಬರು ಕಲಾವಿದರ ಕಣ್ಣಿನಿಂದ ರೂಪುಗೊಂಡದ್ದು. ಸಿಂತ್ರಾ ಮತ್ತು ಕ್ರಿಸ್ಟಿನಾ ರೈಶ್ ಇಲ್ಲದೆ ಆ ಹೆಸರಿನಲ್ಲಿ ನಾಟಕ ಆಡಿದ್ದರೆ ಫಲಕ ಉಳಿಯುತ್ತಿತ್ತು, ಕೆಲಸ ಬೇರೆಯೇ ಆಗುತ್ತಿತ್ತು. ಸಾಲದ್ದಕ್ಕೆ, ಆ ಮಂದಿರವನ್ನು ನಗರಸಭೆ ರಂಗಭೂಮಿಗೇ ಉಳಿಸಿಕೊಂಡಿದೆ. ಗೋದಾಮೋ ಹೋಟೆಲೋ ಆಗಲಿಲ್ಲ. ನನಗೆ ಅದು ಸಮಾಧಾನ.

ಬಯಲುಸೀಮೆಯವ

ಜಾಗ ಉಳಿದದ್ದು ಒಳ್ಳೆಯದೇ. ಆದರೆ ಅಲ್ಲಿ ಕಾಯಂ ಆಗಿ ದುಡಿಯುತ್ತಿದ್ದ ಹೊಲಿಗೆಯವರು, ಬಡಗಿಗಳು, ಬೆಳಕಿನವರು? ಒಂದು ತಂಡ ಅಂದರೆ ಅವರ ಕೈಯಲ್ಲಿರುವ ಕಸುಬು ಕೂಡ ಅಲ್ಲವೇ. ಸರ್ಕಾರಕ್ಕೆ ಲೆಕ್ಕ ಸಿಗದೇ ಹೋದದ್ದು ಅದೇ ಅಂತ ನನ್ನ ಅನಿಸಿಕೆ. ಪ್ರತಿ ನಾಟಕಕ್ಕೆ ಇಷ್ಟು ಅಂತ ಹಣ ಕೊಟ್ಟರೆ ನಾಟಕ ಆಗುತ್ತದೆ, ವರ್ಷವಿಡೀ ಒಂದು ಮನೆ ನಡೆಯುವುದಿಲ್ಲ. ನಮ್ಮ ರೆಪರ್ಟರಿಗಳಿಗೂ ಇದೇ ಕಷ್ಟ.

ಕಡಲಾಚೆಯ ಕನ್ನಡತಿ

ಇಲ್ಲಿಯ ರಂಗಕರ್ಮಿಗಳು ಹೇಳುವುದೂ ಅದನ್ನೇ.

ಮಲೆನಾಡಿನ ರಂಗಾಸಕ್ತ

ಮುಂದಿನ ತಲೆಮಾರಿನ ಮಾತು ಬಂದದ್ದರಿಂದ ಎರಡು ಸಂಗತಿ ಹೇಳಬೇಕು.

ಒಂದು, 2015ರ 'ಹ್ಯಾಮ್ಲೆಟ್'. ತಂಡ ಮುಚ್ಚುವ ಹಿಂದಿನ ವರ್ಷ, ಅಲ್ಮಾದಾದ ರಂಗತಂಡದ ಜೊತೆ ಸೇರಿ ಸಿಂತ್ರಾ ನಿರ್ದೇಶಿಸಿದ್ದು. ಕವಿ ಸೊಫಿಯಾ ದ ಮೆಲು ಬ್ರೈನರ್ ಅಂದ್ರೆಸೆನ್ ಮಾಡಿದ ಅನುವಾದವನ್ನು ಬಳಸಿಕೊಂಡರು. ಹ್ಯಾಮ್ಲೆಟ್ ಆಗಿ ನಿಂತದ್ದು ಗಿಲ್ಯೆರ್ಮ್ ಗೋಮೆಸ್ ಅನ್ನುವ ತೀರಾ ಎಳೆಯ ನಟ. ಅಷ್ಟು ದೊಡ್ಡ ಪಾತ್ರಕ್ಕೆ ಹೆಸರಾಂತ ನಟರನ್ನು ಹುಡುಕದೆ ಹುಡುಗನೊಬ್ಬನ ಕೈಗೆ ಕೊಟ್ಟರು.

ಎರಡು, ತಂಡ ಮುಚ್ಚಿದ ಮೇಲೆ ಸಿಂತ್ರಾ ಮನೆ ಸೇರಲಿಲ್ಲ. 2017-18ರಲ್ಲಿ ಮೋಲಿಯೇರನ ಡಾನ್ ಜುವಾನ್ ಕಥೆಯ ಹಳೆಯ ಪೋರ್ಚುಗೀಸ್ ರೂಪವೊಂದನ್ನು ಎತ್ತಿಕೊಂಡು ಮೊಂತಿಜು, ಸೆತೂಬಲ್, ವಿಜ಼ೆಯು, ಗಿಮರಾಯಿಶ್ ಊರುಗಳಲ್ಲಿ ಹಂತ ಹಂತವಾಗಿ ನಾಟಕ ಕಟ್ಟಿದರು. ಲಿಸ್ಬನ್ ಬಿಟ್ಟು ಸಣ್ಣ ಊರುಗಳಿಗೆ ಹೋಗಿ, ಬಹುಪಾಲು ಯುವ ನಟರ ಜೊತೆ. ಕೈ ನಡುಗುವ ಕಾಯಿಲೆ ಇರುವ, ಎಪ್ಪತ್ತರ ಹತ್ತಿರದ ಮನುಷ್ಯ. ಮೋಲಿಯೇರನಿಂದ ಶುರು ಮಾಡಿದವರು ಮತ್ತೆ ಅವನ ಹತ್ತಿರ ಹೋದದ್ದು ನನಗೆ ಇಷ್ಟವಾಗುತ್ತದೆ. ಹಾಗಾಗಿ ಬಯಲುಸೀಮೆಯವರೇ, ಸಂಸ್ಥೆಯನ್ನು ಒಪ್ಪಿಸಲಿಲ್ಲ ಅನ್ನುವುದು ನಿಜ. ಕಸುಬನ್ನು ಒಪ್ಪಿಸಿದ್ದಾರೆ.

ಹಳೇ ಪ್ರೊಜೆಕ್ಟರ್

ಚರ್ಚೆ ಒಲಿವೇರಾ ಸುತ್ತಲೇ ಗಿರಕಿ ಹೊಡೆಯುತ್ತಿದೆ, ಬೇರೆಯವರನ್ನೂ ಹೇಳಿಬಿಡುತ್ತೇನೆ. ಸಿಂತ್ರಾ ಕ್ಯಾಮೆರಾ ಎದುರು ಮೊದಲು ನಿಂತದ್ದು ಜುವಾಂವ್ ಸೇಜರ್ ಮೊಂತೇರು ಅವರ ಮೊದಮೊದಲ ಸಿನಿಮಾದಲ್ಲಿ, 70ರ ದಶಕದ ಆರಂಭದಲ್ಲಿ, ಕೊರ್ನುಕೋಪಿಯಾ ಹುಟ್ಟುವ ಮೊದಲೇ. ಪಾವ್ಲು ರೋಶಾ ಅವರ 'ಪ್ರೇಮದ್ವೀಪ' 1982ರಲ್ಲಿ ಕಾನ್ ಚಿತ್ರೋತ್ಸವದ ಸ್ಪರ್ಧೆಯಲ್ಲಿತ್ತು. ಅದರಲ್ಲಿ ಸಿಂತ್ರಾ ವೆನ್ಸೆಸ್ಲಾವ್ ದ ಮೊರಾಯಿಶ್. ನೌಕಾಪಡೆಯ ಅಧಿಕಾರಿಯಾಗಿ ಮಕಾವುಗೆ ಹೋಗಿ, ಜಪಾನಿನ ಕೋಬೆಯಲ್ಲಿ ಕಾನ್ಸುಲ್ ಆಗಿ, ಕೊನೆಗೆ ಎಲ್ಲ ಬಿಟ್ಟು ತೊಕುಶಿಮಾದಲ್ಲಿ ಒಂಟಿಯಾಗಿ ಬದುಕಿ 1929ರಲ್ಲಿ ಸತ್ತ ಲೇಖಕ. ಜೋಸೆ ಆಲ್ವರು ಮೊರಾಯಿಶ್ ಅವರ 'ಓ ಬೋಬು' 1987ರಲ್ಲಿ ಲೊಕಾರ್ನೋ ಚಿತ್ರೋತ್ಸವದಲ್ಲಿ ಗೋಲ್ಡನ್ ಲೆಪರ್ಡ್ ಗೆದ್ದಿತು, ಅಲ್ಲೂ ಇವರಿದ್ದಾರೆ. ಪೆದ್ರು ಕೋಸ್ತಾ ಅವರ ಮೊದಲ ಸಿನಿಮಾ 'ರಕ್ತ'ದಲ್ಲೂ, 1989. ಅಂದರೆ ಆ ದೇಶದ ಎರಡು ತಲೆಮಾರಿನ ಮುಖ್ಯ ನಿರ್ದೇಶಕರೆಲ್ಲ ಇವರನ್ನು ಕರೆದಿದ್ದಾರೆ. 2005ರಲ್ಲಿ ಪೋರ್ಚುಗೀಸ್ ಕವಿ ಪೆಸೋವಾ ಹೆಸರಿನ ಪ್ರಶಸ್ತಿಯೂ ಬಂತು.

ನಟಿ ಮಾರಿಯಾ ದ ಮೆದೇರುಸ್ ಗೊತ್ತಲ್ಲ, 'ಪಲ್ಪ್ ಫಿಕ್ಷನ್'ನಲ್ಲಿ ಬ್ರೂಸ್ ವಿಲ್ಲಿಸ್ ಜೊತೆ ಇರುವ ಹುಡುಗಿ? ಪೆಸೋವಾ ಬರೆದ ಅಪೂರ್ಣ ನಾಟಕದ ತುಣುಕುಗಳನ್ನು ಸಿಂತ್ರಾ ರಂಗಕ್ಕೆ ತಂದಾಗ ಅವರ ಜೊತೆ ನಟಿಸಿದವರು ಆಕೆ. ಆಮೇಲೆ ಅದನ್ನೇ ತಾವು ಸಿನಿಮಾ ಮಾಡಿದರು. ನಿರ್ದೇಶಕಿಯಾಗಿ ಅವರ ಮೊದಮೊದಲ ಕೆಲಸ ಅದು.

ಪರದೆ ಪ್ರೇಮಿ

ಪಟ್ಟಿ ದೊಡ್ಡದಾಯಿತು. ವಿಯೇರಾ ಸಿನಿಮಾ ನೋಡುವ ಮೊದಲು, ಎರಡು ಗಂಟೆಗಿಂತ ಚಿಕ್ಕದು, ನನ್ನಂಥವನಿಗೆ ಹಿಡಿಸುವಂಥದ್ದು ಒಂದು ಹೇಳಿ.

ನೇಪಥ್ಯ

ಒಲಿವೇರಾ ಅವರ 'ಹೊಂಬಣ್ಣದ ಕೂದಲಿನ ಹುಡುಗಿ'ಯ ಸಿನಿಮಾ ನೋಡಿ, 2009ರದ್ದು, ಒಂದು ಗಂಟೆ ಮಾತ್ರ. ಅದರಲ್ಲಿ ಸಿಂತ್ರಾ ಯಾವ ಪಾತ್ರವೂ ಅಲ್ಲ, ಸಿಂತ್ರಾ ಅವರೇ. ಶ್ರೀಮಂತರ ಮನೆಯ ಸಂಜೆ ಕೂಟದಲ್ಲಿ ಪೆಸೋವಾನ ಕವಿತೆ ವಾಚಿಸುತ್ತಾರೆ. ಕಥಾನಾಯಕನ ಗಮನ ಪೂರ್ತಿ ಹುಡುಗಿಯ ಮೇಲೆ, ಕೇಳುವವರಲ್ಲಿ ಕೆಲವರಿಗಷ್ಟೇ ಕವಿತೆಯ ಮೇಲೆ. ಅವರು ಯಾರ ಗಮನವನ್ನೂ ಬೇಡದೆ ಓದುತ್ತಾರೆ. ಅದನ್ನು ನೋಡಿಯೂ 'ಒಪ್ಪಿಸುತ್ತಾರೆ' ಅನಿಸಿದರೆ ಇಲ್ಲಿಗೆ ಬಂದು ಬರೆಯಿರಿ, ಮುಂದೆ ವಾದ ಮಾಡೋಣ.

ಉಳ್ಳಾಲದ ಓದುಗ

ನಾನು ಸೂಚಿಸುವುದು ಒಲಿವೇರಾ ಅವರದೇ 'ಅಬ್ರಹಾಂ ಕಣಿವೆ', ಆದರೆ ಅದು ಮೂರು ಗಂಟೆ ದಾಟುತ್ತದೆ. ಅಗುಷ್ಟೀನಾ ಬೆಸ್ಸಾ-ಲುಯಿಶ್ ಕಾದಂಬರಿ ಆಧರಿಸಿದ್ದು. ಎಮಾ ಅನ್ನುವ ಅತೃಪ್ತ ಹೆಂಡತಿಯ ಕಥೆ. ಅವಳ ಗಂಡ ವೈದ್ಯ ಕಾರ್ಲುಸ್ ಆಗಿ ಸಿಂತ್ರಾ. ಇಂಥ ಗಂಡಂದಿರನ್ನು ಸಾಮಾನ್ಯವಾಗಿ ಪೆದ್ದನನ್ನಾಗಿ ಮಾಡಿಬಿಡುತ್ತಾರೆ. ಇವರು ಮಾಡಿಲ್ಲ. ಕಾರ್ಲುಸ್‌ಗೆ ಎಲ್ಲ ತಿಳಿದಿದೆ, ಏನು ಮಾಡಬೇಕು ಅನ್ನುವುದೊಂದು ತಿಳಿಯುವುದಿಲ್ಲ. ಮೇಲೆ ಯಾರೋ ಹೇಳಿದ ಮುಖದ ಸಣ್ಣ ಬದಲಾವಣೆ ಬೇಕಾದವರಿಗೆ ಅದು ಅಲ್ಲಿ ಬೇಕಾದಷ್ಟಿದೆ.

ಪರದೆ ಪ್ರೇಮಿ

ಚಿಕ್ಕದನ್ನು ಈ ಭಾನುವಾರ ನೋಡುತ್ತೇನೆ, ಕಣಿವೆಯನ್ನು ಆಮೇಲೆ. 'ಸ್ಯಾಟಿನ್ ಪಾದರಕ್ಷೆ'ಯ ನಾಲ್ಕನೆಯ ಭಾಗವನ್ನು ಮಾತ್ರ ನೇರವಾಗಿ ನೋಡಬಹುದಾ ಹಳೇ ಪ್ರೊಜೆಕ್ಟರ್ ಅವರೇ?

ಹಳೇ ಪ್ರೊಜೆಕ್ಟರ್

ಬೇಡ. ದಿನಕ್ಕೆ ಒಂದೊಂದು ಭಾಗದಂತೆ ನೋಡಿ. ಕ್ಲೋದೆಲ್ ಕೂಡ ನಾಟಕವನ್ನು ನಾಲ್ಕು 'ದಿನ'ಗಳಾಗಿಯೇ ವಿಂಗಡಿಸಿದ್ದಾನೆ. ಎರಡನೆಯ ದಿನ ಮುಗಿದ ಮೇಲೆ ಇಲ್ಲಿ ಬರೆಯಿರಿ, ರಂಗಾಸಕ್ತರೂ ನಾನೂ ಜೊತೆಗೇ ನೋಡುತ್ತಾ ಬರುತ್ತೇವೆ.